ಕಿಂಡಿಯಾಚೆ ಕಡಲು, ಬೆನ್ನಿಗೆ ಊರು

ಶ್ರೀರಂಗಪಟ್ಟಣದ ಗಂಜಾಂನಲ್ಲಿ ಬೆಳೆದವನಿಗೆ ಕೋಟೆಯೆಂದರೆ ಎಮ್ಮೆ ಮೇಯುವ ಜಾಗ. ಸಾಲದ್ದಕ್ಕೆ ಮೂವತ್ತು ವರ್ಷ ನಾಲೆ ಕಾಮಗಾರಿ, ಕೂಲಿಯವರ ಹಾಜರಿ ಬರೆಯುವ ಮಸ್ಟರ್ ರೋಲ್ ನೋಡಿಕೊಂಡವನು ನಾನು. ಎಲ್ಲಿ ಗೋಡೆ ಕಂಡರೂ ಬೆರಳಿನಿಂದ ತಟ್ಟಿ ನೋಡುವ ಚಟ ನಿವೃತ್ತಿಯ ಜೊತೆ ಹೋಗಲಿಲ್ಲ. ಈ ಜನವರಿಯಲ್ಲಿ ಮಗಳು ಅಂಡಮಾನಿಗೆ ಕರೆದುಕೊಂಡು ಹೋದಳು. ಕಾರ್ಬಿನ್ಸ್ ಕೋವ್ ಕಡಲತೀರದಲ್ಲಿ ಮನೆಯವರೆಲ್ಲ ಎಳನೀರು ಕುಡಿಯುತ್ತಿದ್ದಾಗ ನಾನು ಎರಡನೇ ಮಹಾಯುದ್ಧದಲ್ಲಿ ಜಪಾನಿಯರು ಕಟ್ಟಿದ ಬಂಕರಿನೊಳಗೆ ನುಸುಳಿದ್ದೆ.

ಸೊಂಟ ಬಗ್ಗಿಸಿಯೇ ಹೋಗಬೇಕು. ಒಳಗೆ ಮುಗ್ಗಲು ವಾಸನೆ, ಯಾರೋ ಎಸೆದ ಚಿಪ್ಸ್ ಪೊಟ್ಟಣ. ಎಂಬತ್ತು ವರ್ಷ ಉಪ್ಪುಗಾಳಿ ತಿಂದ ಕಾಂಕ್ರೀಟು ತಟ್ಟಿದರೆ ಇನ್ನೂ ಗಟ್ಟಿ ಸದ್ದು ಕೊಡುತ್ತದೆ. ನಮ್ಮ ಕೆಲವು ತೂಬುಗಳು ಐದು ವರ್ಷಕ್ಕೇ ಉದುರಿದ್ದು ನೆನಪಾಗಿ ನಾಚಿಕೆಯಾಯಿತು. ಕಿಂಡಿಗೆ ಕಣ್ಣಿಟ್ಟರೆ ಬರೀ ಕಡಲು. ಪೋರ್ಟ್ ಬ್ಲೇರ್ ಪೂರ್ತಿ ಬೆನ್ನಿಗೆ.

ಆ ಕಡಲಿನಿಂದ ಯಾರೂ ನುಗ್ಗಲಿಲ್ಲ. ನಮ್ಮ ಕೋಟೆಗಾದರೂ 1799ರ ಮೇ 4ರಂದು ಬಿರುಕಿನೊಳಗೆ ನುಗ್ಗಿದವರ ಕಥೆಯಿದೆ. ಇಲ್ಲಿ 1942ರ ಮಾರ್ಚ್ 23ರಂದು ಜಪಾನಿಯರು ಇಳಿದಾಗ ಎದುರಿಸುವವರಿರಲಿಲ್ಲ. 1945ರ ಅಕ್ಟೋಬರಿನಲ್ಲಿ ಬ್ರಿಟಿಷರು ಮರಳಿದಾಗಲೂ ಕಾಳಗವಿಲ್ಲ, ಮೈದಾನದಲ್ಲಿ ಶರಣಾಗತಿಯ ಶಾಸ್ತ್ರವಷ್ಟೇ. ನಡುವಿನ ಮೂರೂವರೆ ವರ್ಷ ಅಗೆದದ್ದೇ ಅಗೆದದ್ದು. ರಾಸ್ ದ್ವೀಪದ ಸಾಹೇಬರ ಬಂಗಲೆಗಳನ್ನು ಕಿತ್ತು ಬಂಕರುಗಳಿಗೆ ಸಾಮಗ್ರಿ ಹೊಂದಿಸಿದರು. ವಿಮಾನದ ಓಡುಹಾದಿಗೆ ಊರಿನವರನ್ನೇ ಬಲವಂತದಿಂದ ದುಡಿಸಿದರು. ನಾವು ಕಿಟಕಿ ಸೀಟಿಗಾಗಿ ಜಗಳವಾಡಿ ಬಂದಿಳಿದದ್ದು ಅದೇ ಜಾಗದಲ್ಲಿ.

ಕಾವಲು ಕಡಲಿಗೆ, ಏಟು ಬೆನ್ನಿನ ಕಡೆಯ ಊರಿಗೆ. ಗೂಢಚಾರರೆಂಬ ಶಂಕೆ ಸಾಕಿತ್ತು. 1943ರ ಡಿಸೆಂಬರ್ 30ರಂದು ಇದೇ ಊರಿನಲ್ಲಿ ನೇತಾಜಿ ಬಾವುಟ ಹಾರಿಸಿದಾಗ ವೈದ್ಯ ದಿವಾನ್ ಸಿಂಗ್ ಸೆಲ್ಯುಲರ್ ಜೈಲಿನಲ್ಲಿದ್ದರು. ಚಿತ್ರಹಿಂಸೆಯಿಂದ ಜನವರಿ 14ರಂದು ತೀರಿಕೊಂಡರು. ಜನವರಿ 30ರಂದು, ಬಾವುಟ ಹಾರಿ ಒಂದು ತಿಂಗಳಿಗೆ, ಹಂಫ್ರಿಗಂಜಿನಲ್ಲಿ 44 ಮಂದಿಯನ್ನು ಗುಂಡಿಟ್ಟು ಕೊಂದರು. ಜೈಲಿನ ಧ್ವನಿ-ಬೆಳಕು ಪ್ರದರ್ಶನ ಮುಗಿದ ಮೇಲೂ ನನ್ನ ತಲೆಯಲ್ಲಿ ಈ ಎರಡು ತಾರೀಖುಗಳೇ ಸುತ್ತುತ್ತಿದ್ದವು.

ಬಂಕರಿನಿಂದ ಹೊರಬಂದಾಗ ಅಂಗಿಯ ತುಂಬ ಧೂಳು. ಮಗಳು ನಕ್ಕಳು: “ಏನಪ್ಪ, ಬಿಲ್ ಪಾಸು ಮಾಡಬಹುದೇ?”

“ಕೆಲಸಕ್ಕೆ ಹೆಸರಿಡುವಂತಿಲ್ಲ,” ಎಂದೆ. “ಮಸ್ಟರ್ ರೋಲ್ ಎಲ್ಲಿ?”