ಇಲ್ಲದ ಸಾಮ್ರಾಜ್ಯದ ರೈಲು: ಬಾಸೆಲ್‌ನಿಂದ ಬ್ರೊಕೆನ್‌ವರೆಗೆ

ಬಾಸೆಲ್ ಸ್ವಿಟ್ಜರ್ಲೆಂಡಿನ ಊರು. ಅಲ್ಲಿರುವ ಬಾಡಿಷರ್ ಬಾನ್‌ಹೋಫ್ ಎಂಬ ನಿಲ್ದಾಣ ಮಾತ್ರ ಜರ್ಮನಿಯದು. ನೆಲ ಸ್ವಿಸ್, ಹಳಿ ಜರ್ಮನ್. ಪ್ಲಾಟ್‌ಫಾರಂ ಇಳಿದು ಹೊರಗಿನ ಹಾಲ್‌ಗೆ ಬರುವ ದಾರಿಯಲ್ಲಿ ಅಕ್ಷರಶಃ ಒಂದು ಸುಂಕದ ಕಟ್ಟೆ. ಇದಕ್ಕೆಲ್ಲ ಕಾರಣ 1852ರಲ್ಲಿ ಬಾಡೆನ್ ಸಂಸ್ಥಾನ ಸ್ವಿಸ್ಸರ ಜೊತೆ ಮಾಡಿಕೊಂಡ ಒಪ್ಪಂದ. ಸಂಸ್ಥಾನದ ದೊರೆ 1918ರಲ್ಲಿ ಗದ್ದುಗೆ ಬಿಟ್ಟ, ಬಾಡೆನ್ ಹೆಸರಿನ ರಾಜ್ಯವೂ ಈಗಿಲ್ಲ. ನಿಲ್ದಾಣದ ಹೆಸರಲ್ಲಿ ಅದು ಉಳಿದಿದೆ. ಈಗಿನ ಕಟ್ಟಡ 1913ರದು, ಕಾರ್ಲ್ ಮೋಸರ್ ಎಂಬ ವಾಸ್ತುಶಿಲ್ಪಿಯದು.

ಜರ್ಮನಿಯ ಸರ್ಕಾರಿ ರೈಲಿನ ಚರಿತ್ರೆ ನೋಡಲೆಂದು ಹೊರಟವರು ಇಲ್ಲಿಂದ ಶುರು ಮಾಡುವುದು ಒಳ್ಳೆಯದು. ಪ್ರಾದೇಶಿಕ ರೈಲುಗಳಿಗೆಲ್ಲ ನಡೆಯುವ ತಿಂಗಳ ಡಾಯಿಚ್‌ಲಾಂಡ್ ಟಿಕೆಟ್ 2023ರ ಮೇ 1ರಂದು 49 ಯೂರೋಗೆ ಶುರುವಾಯಿತು, ಆಮೇಲೆ ದರ ಏರಿದೆ. ಈ ನಿಲ್ದಾಣದಿಂದ ಉತ್ತರಕ್ಕೆ ಅದು ಸಲ್ಲುತ್ತದೆ. ಊರಿನ ಇನ್ನೊಂದು ದೊಡ್ಡ ನಿಲ್ದಾಣ ಬಾಸೆಲ್ ಎಸ್‌ಬಿಬಿ ಸ್ವಿಸ್ಸರದು. ಎರಡರ ಹೆಸರೂ ಬಾಸೆಲ್ ಎಂದೇ ಶುರುವಾಗುವುದರಿಂದ ಟಿಕೆಟ್ ತೆಗೆಯುವಾಗ ಎರಡನೇ ಪದವನ್ನೂ ಓದಬೇಕು.

ಬಾಡೆನ್‌ನವರು 1840ರ ಸೆಪ್ಟೆಂಬರ್ 12ರಂದು ಮನ್‌ಹೈಮ್‌ನಿಂದ ಹೈಡೆಲ್‌ಬರ್ಗ್‌ಗೆ ಸರ್ಕಾರಿ ರೈಲು ಓಡಿಸಿದಾಗ ಹಳಿಯ ಅಗಲ 1600 ಮಿಲಿಮೀಟರ್ ಇಟ್ಟರು. ನಮ್ಮ ಬ್ರಾಡ್ ಗೇಜಿಗಿಂತ (1676) ತುಸು ಕಡಿಮೆ. ಸುತ್ತಮುತ್ತಲ ಸಂಸ್ಥಾನಗಳೆಲ್ಲ 1435 ಹಿಡಿದಿದ್ದವು. ಹದಿನಾಲ್ಕು ವರ್ಷ ಒಂಟಿಯಾಗಿ ನಿಂತು, 1854-55ರಲ್ಲಿ ಹಳಿ, ಇಂಜಿನ್, ಬೋಗಿ ಎಲ್ಲವನ್ನೂ ಕಿರಿದು ಮಾಡಿಸಿಕೊಂಡರು. ಕರ್ನಾಟಕದಲ್ಲಿ ಮೀಟರ್ ಗೇಜ್ ಕಿತ್ತು ಬ್ರಾಡ್ ಗೇಜ್ ಹಾಕುವಾಗ ವರ್ಷಗಟ್ಟಲೆ ರೈಲಿಲ್ಲದೆ ಕಾದವರಿಗೆ ಆ ಖರ್ಚಿನ ಅಂದಾಜು ಸಿಗುತ್ತದೆ.

ನ್ಯೂರೆನ್‌ಬರ್ಗ್‌ನ ರೈಲು ಮ್ಯೂಸಿಯಂಗೆ ಎಲ್ಲರೂ ಹೋಗುವುದು 'ಆಡ್ಲರ್' ನೋಡಲಿಕ್ಕೆ. 1835ರ ಡಿಸೆಂಬರ್ 7ರಂದು ಇಲ್ಲಿಂದ ಫ್ಯೂರ್ಟ್‌ಗೆ ಆರು ಕಿಲೋಮೀಟರ್ ಓಡಿದ, ನ್ಯೂಕಾಸಲ್‌ನ ಸ್ಟೀಫನ್‌ಸನ್ ಕಾರ್ಖಾನೆಯ ಇಂಜಿನ್ ಅದು. ಮೂಲ ಇಂಜಿನ್ ಉಳಿದಿಲ್ಲ. ಈಗಿರುವುದು 1935ರಲ್ಲಿ ಶತಮಾನೋತ್ಸವಕ್ಕೆಂದು ಮಾಡಿದ ಪ್ರತಿ. ಅದೂ 2005ರ ಅಕ್ಟೋಬರ್‌ನಲ್ಲಿ ಶೆಡ್ಡಿಗೆ ಬೆಂಕಿ ಬಿದ್ದು ಸುಟ್ಟು, ಮತ್ತೆ ಕಟ್ಟಿಸಿಕೊಂಡಿತು. ಅದರ ಮುಂದೆ ಫೋಟೋಗೆ ನಿಲ್ಲುವ ಗುಂಪು ಅಸಲಿ ವಸ್ತುವಿನ ಕಡೆ ತಿರುಗಿಯೂ ನೋಡುವುದಿಲ್ಲ: ಅದೇ ಮಾರ್ಗದಲ್ಲಿ ಓಡಿದ 8ನೇ ನಂಬರಿನ ಬೋಗಿ, ಜರ್ಮನಿಯಲ್ಲಿ ಉಳಿದ ಅತ್ಯಂತ ಹಳೆಯ ರೈಲು ಗಾಡಿ. ಕುದುರೆ ಸಾರೋಟಿನ ಮೂರು ಡಬ್ಬಗಳನ್ನು ಸೇರಿಸಿ ಚಕ್ರದ ಮೇಲಿಟ್ಟ ಹಾಗಿದೆ. ಆ ಕಾಲದಲ್ಲಿ ಕಲ್ಲಿದ್ದಲು ದೂರದಿಂದ ಬರಬೇಕಿದ್ದರಿಂದ ಹೆಚ್ಚಿನ ಟ್ರಿಪ್‌ಗಳಿಗೆ ಕುದುರೆಗಳನ್ನೇ ಕಟ್ಟುತ್ತಿದ್ದರು.

ಇಷ್ಟಾಗಿ ಈ ಮೊದಲ ರೈಲು ಸರ್ಕಾರದ್ದಲ್ಲ, ಖಾಸಗಿ ಕಂಪನಿಯದು. ಕೊನೆಯವರೆಗೂ ಸರ್ಕಾರದ ಪಾಲಾಗದೆ, ಟ್ರಾಮ್ ಪೈಪೋಟಿಗೆ ಸೋತು 1922ರಲ್ಲಿ ನಿಂತುಹೋಯಿತು. ಜರ್ಮನ್ ನೆಲದ ಮೊದಲ ಸರ್ಕಾರಿ ರೈಲು ಉತ್ತರದ ಬ್ರೌನ್‌ಶ್ವೈಗ್ ಸಂಸ್ಥಾನದ್ದು, ಅಲ್ಲಿಂದ ವೋಲ್ಫೆನ್‌ಬ್ಯೂಟೆಲ್‌ಗೆ, 1838ರ ಡಿಸೆಂಬರ್ 1. ಬ್ರೌನ್‌ಶ್ವೈಗ್‌ನ ಹಳೇ ನಿಲ್ದಾಣದ ಮುಂಭಾಗ ಈಗ ಬ್ಯಾಂಕಿನ ಕಟ್ಟಡ. ನ್ಯೂರೆನ್‌ಬರ್ಗ್‌ನ ಮ್ಯೂಸಿಯಂಗೆ ಸೋಮವಾರ ರಜೆ.

ನ್ಯೂರೆನ್‌ಬರ್ಗ್‌ನಿಂದ ಹೋಫ್ ಕಡೆಗಿನ ಪ್ರಾದೇಶಿಕ ರೈಲು ಹತ್ತುವಾಗ ಒಂದು ಎಚ್ಚರಿಕೆ. ಈ ಭಾಗದ ಎಷ್ಟೋ ರೈಲುಗಳು ಒಂದಾಗಿ ಹೊರಟು ದಾರಿಯಲ್ಲಿ ಎರಡಾಗುತ್ತವೆ: ಮುಂದಿನ ಭಾಗ ಒಂದೂರಿಗೆ, ಹಿಂದಿನದು ಇನ್ನೊಂದೂರಿಗೆ. ಪೆಗ್ನಿಟ್ಸ್ ಅಂಥದ್ದೊಂದು ಜಂಕ್ಷನ್. ಪ್ಲಾಟ್‌ಫಾರಂ ಬೋರ್ಡಿನಲ್ಲಿ ಎರಡೂ ಊರುಗಳ ಹೆಸರು ಒಟ್ಟಿಗೇ ಇರುತ್ತವೆ, ಒಳಗೆ ಕೂತ ಮೇಲೆ ಘೋಷಣೆ ಬರುವುದು ಜರ್ಮನ್‌ನಲ್ಲಿ. ನೋಡಬೇಕಾದ್ದು ನೀವು ಹತ್ತುವ ಬೋಗಿಯ ಪಕ್ಕದಲ್ಲಿ ಬೆಳಗುವ ಹೆಸರನ್ನೇ. ಕೂತ ಮೇಲೆ ಒಳಗಿಂದೊಳಗೆ ಆಚೆ ಭಾಗಕ್ಕೆ ದಾಟೋಣವೆಂದರೆ ಎರಡು ಘಟಕಗಳ ನಡುವೆ ಬಾಗಿಲೇ ಇರುವುದಿಲ್ಲ. ನಿಲ್ದಾಣದಲ್ಲಿ ಇಳಿದು ಓಡಬೇಕು, ಸೂಟ್‌ಕೇಸ್ ಸಮೇತ. ನಮ್ಮಲ್ಲಿ ಸ್ಲಿಪ್ ಕೋಚ್ ಕಂಡವರಿಗೂ ಇದು ತಲೆಗೆ ಹೋಗಲು ಒಂದು ಸಲ ತಪ್ಪೂರು ಸೇರಬೇಕಾಗುತ್ತದೆ.

ಈ ಕಡೆ ಬರುವುದು 'ಶೀಫೆ ಎಬೆನೆ', ಅಂದರೆ ಓರೆ ಇಳಿಜಾರಿಗೆ. ಬವೇರಿಯಾ ಸರ್ಕಾರ ತನ್ನ ದಕ್ಷಿಣದ ತುದಿ ಲಿಂಡೌನಿಂದ ಉತ್ತರದ ತುದಿ ಹೋಫ್‌ವರೆಗೆ ಎಳೆದ ಮಾರ್ಗದ ಕಷ್ಟದ ತುಂಡು ಇದು, 1848ರಲ್ಲಿ ತೆರೆದದ್ದು. ನೊಯೆನ್‌ಮಾರ್ಕ್ಟ್‌ನಿಂದ ಮಾರ್ಕ್ಟ್‌ಶೋರ್ಗಾಸ್ಟ್‌ವರೆಗೆ ಏಳು ಕಿಲೋಮೀಟರಿಗೂ ಕಡಿಮೆ, ಏರು ಸುಮಾರು 158 ಮೀಟರ್, ಕಡಿದಾದಲ್ಲಿ 40ಕ್ಕೆ 1. ಸಕಲೇಶಪುರದಿಂದ ಸುಬ್ರಹ್ಮಣ್ಯಕ್ಕೆ ಇಳಿಯುವ ನಮ್ಮ ಘಟ್ಟದ ದಾರಿ 50ಕ್ಕೆ 1. ಅಲ್ಲಿಯಂತೆ ಇಲ್ಲೂ ಹಿಂದಿನಿಂದ ತಳ್ಳುವ ಬ್ಯಾಂಕರ್ ಇಂಜಿನ್ ಬೇಕಿತ್ತು. ಕಣಿವೆಗಳನ್ನು ಸೇತುವೆಯಿಂದ ದಾಟದೆ ಕಲ್ಲಿನ ಏರಿ ಕಟ್ಟಿ ತುಂಬಿದ್ದಾರೆ, ಕೆಲವೆಡೆ ಏರಿ ಮೂವತ್ತು ಮೀಟರಿಗೂ ಎತ್ತರ. ರೈಲಿನ ಒಳಗಿಂದ ಇದೊಂದೂ ಕಾಣದು. ಮೇಲೆ ಮಾರ್ಕ್ಟ್‌ಶೋರ್ಗಾಸ್ಟ್‌ನಲ್ಲಿ ಇಳಿದು, ಹಳಿಯ ಪಕ್ಕದ ಕಾಲುದಾರಿಯಲ್ಲಿ ಕೆಳಗೆ ನಡೆದು ಬನ್ನಿ. ಕೊನೆಗೆ ಸಿಗುವ ಹಳೇ ಲೋಕೋ ಶೆಡ್ಡು ಈಗ ಉಗಿ ಇಂಜಿನ್‌ಗಳ ಮ್ಯೂಸಿಯಂ.

ಲೈಪ್ಸಿಗ್ ಹಾಗೆ ಹಾದುಹೋಗುವ ಊರಲ್ಲ. ಮುಖ್ಯ ನಿಲ್ದಾಣದ ಮುಂದೆ ನಿಂತರೆ ಮುಂಭಾಗ 298 ಮೀಟರ್ ಉದ್ದ, ಎಡಕ್ಕೊಂದು ಬಲಕ್ಕೊಂದು ಪ್ರವೇಶದ ಹಾಲ್, ಒಂದರ ಪಡಿಯಚ್ಚು ಇನ್ನೊಂದು. ಅಲಂಕಾರಕ್ಕೆ ಹೀಗೆ ಮಾಡಿದ್ದಾರೆಂದು ತೋರುತ್ತದೆ. ಅಲ್ಲ, ಇದು ಪಾಲು ಪಟ್ಟಿ. ಪಶ್ಚಿಮದ ಅರ್ಧ ಪ್ರಶ್ಯಾ ಸರ್ಕಾರದ ರೈಲಿನದು, ಪೂರ್ವದ ಅರ್ಧ ಸ್ಯಾಕ್ಸನಿ ಸರ್ಕಾರದ ರೈಲಿನದು. ಒಟ್ಟು 26 ಪ್ಲಾಟ್‌ಫಾರಂ, ತಲಾ 13. ಪ್ರವೇಶ ಎರಡು, ಕಾಯುವ ಕೋಣೆ ಎರಡೆರಡು, ಆಡಳಿತ ಎರಡು. ಅಣ್ಣತಮ್ಮಂದಿರು ತೊಟ್ಟಿಮನೆ ಹಿಸ್ಸೆ ಮಾಡಿಕೊಂಡು, ಜಗಲಿಯನ್ನಷ್ಟೇ ಒಟ್ಟಿಗೆ ಇಟ್ಟುಕೊಂಡಂತೆ. ಆ ಜಗಲಿ ಎಲ್ಲ ಹಳಿಗಳ ತಲೆಯಲ್ಲಿ ಅಡ್ಡಲಾಗಿ 267 ಮೀಟರ್ ಹಬ್ಬಿರುವ ಹಜಾರ. ಲೊಸ್ಸೋವ್ ಮತ್ತು ಕ್ಯೂನೆ ಎಂಬ ಜೋಡಿ ವಾಸ್ತುಶಿಲ್ಪಿಗಳ ಕೆಲಸ, ಮುಗಿದದ್ದು 1915ರ ಡಿಸೆಂಬರ್‌ನಲ್ಲಿ, ಮಹಾಯುದ್ಧದ ನಡುವೆ.

ಎಲ್ಲ ಎರಡೆರಡು ಕಟ್ಟಿ ಐದು ವರ್ಷ ತುಂಬುವುದರೊಳಗೆ ಎರಡು ಒಡೆತನವೂ ಇಲ್ಲವಾಯಿತು. ಯುದ್ಧದಲ್ಲಿ ಸೋತ ಜರ್ಮನಿಯ ಹೊಸ ಸಂವಿಧಾನ, ಸಂಸ್ಥಾನಗಳ ರೈಲುಗಳೆಲ್ಲ 1921ರ ಏಪ್ರಿಲ್ 1ರೊಳಗೆ ಕೇಂದ್ರಕ್ಕೆ ಸೇರಬೇಕೆಂದಿತು. ಸಾಲದಲ್ಲಿ ಮುಳುಗಿದ್ದ ಸಂಸ್ಥಾನಗಳು ಒಂದು ವರ್ಷ ಮೊದಲೇ, 1920ರ ಏಪ್ರಿಲ್ 1ಕ್ಕೆ ಒಪ್ಪಿಸಿಬಿಟ್ಟವು: ಪ್ರಶ್ಯಾ, ಹೆಸ್ಸೆ, ಬವೇರಿಯಾ, ಸ್ಯಾಕ್ಸನಿ, ವ್ಯುರ್ಟೆಂಬರ್ಗ್, ಬಾಡೆನ್, ಮೆಕ್ಲೆನ್‌ಬರ್ಗ್, ಓಲ್ಡೆನ್‌ಬರ್ಗ್. ನಮ್ಮ ಮೈಸೂರು ಸಂಸ್ಥಾನದ ರೈಲು 1951ರಲ್ಲಿ ಸದರ್ನ್ ರೈಲ್ವೆಯೊಳಗೆ ಕರಗಿದ್ದೂ ಇದೇ ಬಗೆ. 1870ರ ದಶಕದಲ್ಲಿ ಚಾನ್ಸೆಲರ್ ಬಿಸ್ಮಾರ್ಕ್ ಇದನ್ನೇ ಮಾಡಹೊರಟು, ಸಂಸ್ಥಾನಗಳು ಬಗ್ಗದೆ ಕೈಬಿಟ್ಟಿದ್ದ. ಹುಟ್ಟಿದ ರೈಲಿಗೆ 'ರೈಖ್ಸ್‌ಬಾನ್' ಎಂದು ಹೆಸರು, ಸಾಮ್ರಾಜ್ಯದ ರೈಲು ಎಂದರ್ಥ. ಚಕ್ರವರ್ತಿ ಆಗಲೇ ಓಡಿಹೋಗಿದ್ದ. 1924ರಲ್ಲಿ ಗೆದ್ದ ದೇಶಗಳು ಈ ರೈಲನ್ನೇ ಅಡವಿಟ್ಟುಕೊಂಡವು. ಕಂಪನಿಯಾಗಿ ಮಾರ್ಪಟ್ಟ ಅದರ ಮೇಲೆ 1100 ಕೋಟಿ ಚಿನ್ನದ ಮಾರ್ಕ್‌ನ ಬಾಂಡ್ ಹೊರಿಸಿದರು.

ಇಲ್ಲಿ 24ನೇ ಪ್ಲಾಟ್‌ಫಾರಂ ತಪ್ಪಿಸಬೇಡಿ, ಹಳೇ ಇಂಜಿನ್‌ಗಳನ್ನು ಟಿಕೆಟ್ಟಿಲ್ಲದೆ ನೋಡಲು ನಿಲ್ಲಿಸಿದ್ದಾರೆ. ಕೆಳಗಿನ ಸುರಂಗದ ಎಸ್-ಬಾನ್ (ನಗರದ ಲೋಕಲ್ ರೈಲು) ಹಿಡಿದರೆ ಮೂರನೇ ನಿಲ್ದಾಣ ಬಯೆರಿಷರ್ ಬಾನ್‌ಹೋಫ್. ಅದರ 1840ರ ದಶಕದ ಕಮಾನು ದ್ವಾರವನ್ನು ಸುರಂಗ ತೋಡುವಾಗ 2006ರಲ್ಲಿ ಇಡಿಯಾಗಿ 30 ಮೀಟರ್ ಪಕ್ಕಕ್ಕೆ ಜಾರಿಸಿಟ್ಟು, ಕೆಲಸ ಮುಗಿದ ಮೇಲೆ ಸ್ವಸ್ಥಾನಕ್ಕೆ ತಂದಿಟ್ಟರು. ಮುಖ್ಯ ನಿಲ್ದಾಣದ ಹೊಟ್ಟೆಯಲ್ಲಿ 1997ರಲ್ಲಿ ತುಂಬಿದ ಮೂರಂತಸ್ತಿನ ಅಂಗಡಿ ಸಾಲು ಮಾತ್ರ ಯಾವ ಊರಿನ ಮಾಲ್ ಆದರೂ ಆಗಬಹುದು.

ಬರ್ಲಿನ್‌ನಲ್ಲಿ ಮೊದಲು ಗ್ರೂನೆವಾಲ್ಡ್. ಎಸ್7 ರೈಲಿನಲ್ಲಿ ಇಳಿದು 'ಗ್ಲೈಸ್ 17' (17ನೇ ಹಳಿ) ಫಲಕ ಹಿಡಿದು ಹೋದರೆ ರೈಲು ಬಾರದ ಹಳಿ. ಎರಡೂ ಅಂಚಿನಲ್ಲಿ 186 ಎರಕದ ಉಕ್ಕಿನ ಹಲಗೆಗಳು, ಒಂದೊಂದರ ಮೇಲೂ ತಾರೀಖು, ನಾಜಿಗಳು ಗಡೀಪಾರು ಮಾಡಿ ಸಾಗಿಸಿದ ಯಹೂದಿಗಳ ಸಂಖ್ಯೆ, ಎಲ್ಲಿಗೆ. ಮೊದಲನೆಯದು 1941ರ ಅಕ್ಟೋಬರ್ 18. ರೈಖ್ಸ್‌ಬಾನ್ ಇದಕ್ಕೆ ಟಿಕೆಟ್ ಲೆಕ್ಕ ಹಾಕಿತ್ತು: ಮೂರನೇ ದರ್ಜೆಯ ದರ, ಕಿಲೋಮೀಟರಿಗೆ 4 ಫೆನಿಗ್, ಮಕ್ಕಳಿಗೆ ಅರ್ಧ, ನಾಲ್ಕು ವರ್ಷದೊಳಗಿನವರಿಗೆ ಇಲ್ಲ. 400ಕ್ಕಿಂತ ಹೆಚ್ಚು ಜನವಾದರೆ ಗುಂಪು ರಿಯಾಯಿತಿ. ಬಿಲ್ಲು ಹೋಗುತ್ತಿದ್ದದ್ದು ಕಳಿಸಿದವರಿಗೆ.

1945ರ ನಂತರ ದೇಶ ಒಡೆಯಿತು. ಪಶ್ಚಿಮದವರು 1949ರಲ್ಲಿ ತಮ್ಮ ರೈಲಿಗೆ ಬುಂಡೆಸ್‌ಬಾನ್, ಒಕ್ಕೂಟದ ರೈಲು, ಎಂದು ಹೊಸ ಹೆಸರಿಟ್ಟರು. ರಾಜ, ಸಾಮ್ರಾಜ್ಯ ಎಂದರೆ ಉರಿದುಬೀಳುವ ಪೂರ್ವದ ಕಮ್ಯುನಿಸ್ಟ್ ಸರ್ಕಾರ ಮಾತ್ರ 'ಸಾಮ್ರಾಜ್ಯದ ರೈಲು' ಎಂಬ ಹಳೇ ಹೆಸರನ್ನೇ ಹಿಡಿದುಕೊಂಡಿತು. ಆ ಸರ್ಕಾರ ಹೋದ ಮೇಲೂ ಹೆಸರು ಉಳಿಯಿತು, 1993ರ ಡಿಸೆಂಬರ್ 31ರವರೆಗೆ. ಮೋಹದಿಂದಲ್ಲ. ಇಡೀ ಬರ್ಲಿನ್‌ನ ರೈಲು ಓಡಿಸುವ ಹಕ್ಕನ್ನು ಯುದ್ಧ ಗೆದ್ದವರು ಕೊಟ್ಟಿದ್ದು 'ರೈಖ್ಸ್‌ಬಾನ್'ಗೆ. ಹೆಸರು ಬದಲಾದರೆ ಹಕ್ಕುದಾರ ಬೇರೆಯಾದ, ಹಕ್ಕು ಹೋಯಿತು ಎಂದು ಯಾರಾದರೂ ತಕರಾರು ತೆಗೆದರೆ? ಪಹಣಿಯಲ್ಲಿ ತಾತನ ಹೆಸರನ್ನು ತೆಗೆಸದೆ ಬಿಡುವವರಿಗೆ ಈ ಲೆಕ್ಕಾಚಾರ ಬಿಡಿಸಿ ಹೇಳಬೇಕಿಲ್ಲ.

ಹೀಗಾಗಿ ಪಶ್ಚಿಮ ಬರ್ಲಿನ್‌ನ ಎಸ್-ಬಾನ್, ಅಲ್ಲಿನ ಮುಖ್ಯ ನಿಲ್ದಾಣವಾಗಿದ್ದ ಝೂ, ಎಲ್ಲವೂ ಪೂರ್ವದವರ ಕೈಯಲ್ಲಿದ್ದವು. ನೌಕರರಲ್ಲಿ ಪಶ್ಚಿಮದವರೂ ಇದ್ದರು, ಸಂಬಳ ಕೊಡುತ್ತಿದ್ದದ್ದು ಪೂರ್ವ. 1961ರ ಆಗಸ್ಟ್‌ನಲ್ಲಿ ಗೋಡೆ ಎದ್ದಾಗ, ನಿಮ್ಮ ಟಿಕೆಟ್ ದುಡ್ಡು ಮುಳ್ಳುತಂತಿಗೆ ಹೋಗುತ್ತದೆ ಎಂದು ಪಶ್ಚಿಮದವರು ಬಹಿಷ್ಕಾರ ಹೂಡಿದರು. ರೈಲುಗಳು ಖಾಲಿ ಖಾಲಿ ಓಡಿದವು. ನಷ್ಟ ಎಷ್ಟಾದರೂ ಹಕ್ಕು ಬಿಡಲಿಲ್ಲ. 1980ರ ಸೆಪ್ಟೆಂಬರ್‌ನಲ್ಲಿ ಪಶ್ಚಿಮದ ನೌಕರರು ಮುಷ್ಕರ ಹೂಡಿದ ಮೇಲೆ ಮಾರ್ಗಗಳನ್ನು ಒಂದೊಂದಾಗಿ ಮುಚ್ಚಿದರು, ಊರು ಸುತ್ತುವ ರಿಂಗ್ ಲೈನ್ ಸಹ. ಆ ಸುತ್ತು ಮತ್ತೆ ಪೂರ್ತಿಯಾದದ್ದು 2002ರಲ್ಲಿ. 1984ರ ಜನವರಿ 9ರಂದು ಪಶ್ಚಿಮದ ಎಸ್-ಬಾನ್ ಪಶ್ಚಿಮದ ನಗರ ಸಾರಿಗೆಗೆ ಬಂತು, ದೂರದ ರೈಲುಗಳು ಆಮೇಲೂ ರೈಖ್ಸ್‌ಬಾನ್ ಬಳಿಯೇ.

ಇದೆಲ್ಲ ಕಣ್ಣಿಗೆ ಕಾಣುವ ಜಾಗ ಫ್ರೀಡ್ರಿಖ್‌ಸ್ಟ್ರಾಸೆ. ನಿಲ್ದಾಣ ಪೂರ್ವದ ನೆಲದ ಒಳಗಿತ್ತು. ಮೇಲ್ಗಡೆ ಪಶ್ಚಿಮದ ರೈಲು ಬಂದು ನಿಲ್ಲುವ ಪ್ಲಾಟ್‌ಫಾರಂಗೂ ಪೂರ್ವದ ರೈಲು ನಿಲ್ಲುವುದಕ್ಕೂ ನಡುವೆ ಉಕ್ಕಿನ ಗೋಡೆ. ಕೆಳಗೆ ಸುರಂಗದಲ್ಲಿ ಪಶ್ಚಿಮದಿಂದ ಪಶ್ಚಿಮಕ್ಕೆ ಹೋಗುವ ರೈಲು ಪೂರ್ವದ ಅಡಿಯಲ್ಲಿ ನುಸುಳುತ್ತ, ಮಬ್ಬು ಬೆಳಕಿನ ಮುಚ್ಚಿದ ನಿಲ್ದಾಣಗಳನ್ನು ನಿಧಾನವಾಗಿ ದಾಟಿ, ಇಲ್ಲಿ ಮಾತ್ರ ನಿಲ್ಲುತ್ತಿತ್ತು. ಪಶ್ಚಿಮದವರು ಗಡಿ ತಪಾಸಣೆ ಇಲ್ಲದೆ ಮೇಲೆ ಕೆಳಗೆ ರೈಲು ಬದಲಿಸಬಹುದಿತ್ತು. ಪ್ಲಾಟ್‌ಫಾರಂ ಮೇಲಿನ ಸರ್ಕಾರಿ ಅಂಗಡಿಯಲ್ಲಿ ಸುಂಕವಿಲ್ಲದ ಸಿಗರೇಟು, ಮದ್ಯ, ಪಶ್ಚಿಮದ ಮಾರ್ಕ್ ಕೊಟ್ಟರೆ. ಈಗ ಗೋಡೆಯ ಗುರುತೂ ಇಲ್ಲ, ಇದ್ದ ಜಾಗದಲ್ಲಿ ಜನ ಕಾಫಿ ಹಿಡಿದು ಓಡುತ್ತಾರೆ. ಪಕ್ಕದ ಗಾಜಿನ ಮಂಟಪ, ಬೀಳ್ಕೊಡುವವರು ಅತ್ತ ಜಾಗ, 'ಕಣ್ಣೀರ ಅರಮನೆ' ಎಂದೇ ಹೆಸರು, ಈಗ ಉಚಿತ ಪ್ರದರ್ಶನ, ಸೋಮವಾರ ಬೇಡ. ಭೂತ ನಿಲ್ದಾಣಗಳ ವಿವರ ಬೇಕಾದರೆ ನಾರ್ಡ್‌ಬಾನ್‌ಹೋಫ್‌ನ ಒಳಮಹಡಿಗೆ ಹೋಗಿ, ರೈಲು ಓಡುವ ಹೊತ್ತೆಲ್ಲ ತೆರೆದಿರುತ್ತದೆ.

ದೇಶ ಮತ್ತೆ ಒಂದಾದ ಮೇಲೆ ಪೂರ್ವ, ಪಶ್ಚಿಮದ ಈ ಎರಡು ರೈಲುಗಳು ಸಂವಿಧಾನ ತಿದ್ದುಪಡಿಯ ಮೂಲಕ 1994ರ ಜನವರಿ 1ರಂದು ಒಂದು ಕಂಪನಿಯಾದವು, ಷೇರೆಲ್ಲ ಕೇಂದ್ರ ಸರ್ಕಾರದ್ದೇ. ಅದರ ದೂರದ ರೈಲುಗಳಲ್ಲಿ 2024ರಲ್ಲಿ ಹೊತ್ತಿಗೆ ಬಂದವು ನೂರಕ್ಕೆ 62.5. ಆರು ನಿಮಿಷದೊಳಗಿನ ತಡ ತಡವಲ್ಲ, ರದ್ದಾದ ರೈಲು ಲೆಕ್ಕಕ್ಕೇ ಇಲ್ಲ. ಅಗ್ಗದ ಟಿಕೆಟ್ ಒಂದೇ ರೈಲಿಗೆ ಕಟ್ಟಿದ್ದರೂ, ಊರು ಸೇರುವುದು 20 ನಿಮಿಷ ತಡವಾಗುವಂತಿದ್ದರೆ ಆ ಕಟ್ಟು ಬಿಚ್ಚಿದಂತೆ, ಬೇರೆ ರೈಲು ಹತ್ತಬಹುದು. 60 ನಿಮಿಷಕ್ಕೆ ಕಾಲು ಭಾಗ, 120ಕ್ಕೆ ಅರ್ಧ ದುಡ್ಡು ವಾಪಸ್. ಕೇಳಿದವರಿಗೆ ಮಾತ್ರ.

ಹಾರ್ಟ್ಸ್ ಬೆಟ್ಟದ ವೆರ್ನಿಗೆರೋಡೆಯಿಂದ ಬ್ರೊಕೆನ್ ಶಿಖರಕ್ಕೆ ಮೀಟರ್ ಗೇಜ್ ಉಗಿ ರೈಲು ಇನ್ನೂ ಓಡುತ್ತದೆ. ಡಾಯಿಚ್‌ಲಾಂಡ್ ಟಿಕೆಟ್ ಇಲ್ಲಿ ನಡೆಯುವುದಿಲ್ಲ. ಗೋಡೆ ಎದ್ದ ದಿನವೇ ಗಡಿಯಂಚಿನ ಈ ಶಿಖರಕ್ಕೆ ಜನರ ರೈಲು ನಿಂತು, 1991ರ ಸೆಪ್ಟೆಂಬರ್ 15ರಂದು ಮತ್ತೆ ಹೊರಟಿತು. ಏರು 30ಕ್ಕೆ 1, ಕೊನೆಯ ನಿಲ್ದಾಣ 1125 ಮೀಟರ್ ಎತ್ತರದಲ್ಲಿ. ಒಣ ಬೇಸಿಗೆಯಲ್ಲಿ ಕಾಳ್ಗಿಚ್ಚಿನ ಭಯಕ್ಕೆ ಡೀಸೆಲ್ ಕಟ್ಟುವುದುಂಟು, ಚಳಿಗಾಲದ ಬಿರುಗಾಳಿಗೆ ಶೀರ್ಕೆಯಲ್ಲೇ ನಿಲ್ಲಿಸುವುದುಂಟು. ಟಿಕೆಟ್ ಕೊಳ್ಳುವ ಮೊದಲು ಕೌಂಟರಿನಲ್ಲಿ ಎರಡನ್ನೂ ಕೇಳಿ.

ಡ್ರೈ ಅನ್ನೆನ್ ಹೊಹ್ನೆಯಲ್ಲಿ ಇಂಜಿನ್ ನೀರು ಕುಡಿಯಲು ನಿಂತಾಗ ಇಳಿದು ಅದರ ನಂಬರು ಓದಿ. 1950ರ ದಶಕದಲ್ಲಿ ಬಾಬೆಲ್ಸ್‌ಬರ್ಗ್‌ನಲ್ಲಿ ತಯಾರಾದ, ಏಳು ಜೋಡಿ ಗಾಲಿಯ ಗಟ್ಟಿ ಯಂತ್ರ. 99 7240-7 ಬಂದಿದೆ ಎನ್ನಿ. ಕೊನೆಯ ಏಳು, ಕಂಪ್ಯೂಟರಿಗೆಂದು 1970ರಲ್ಲಿ ರೈಖ್ಸ್‌ಬಾನ್ ಸೇರಿಸಿದ ತಾಳೆ ಅಂಕಿ. ಮೊದಲ ಆರು ಅಂಕಿಗಳನ್ನು ಎಡದಿಂದ 1, 2, 1, 2 ಎಂದು ಗುಣಿಸಿ: 9, 18, 7, 4, 4, 0. ಹದಿನೆಂಟನ್ನು ಬಿಡಿಸಿ ಕೂಡಿದರೆ 9. ಎಲ್ಲ ಸೇರಿ 33, ಮುಂದಿನ ಹತ್ತರ ಗುಣಕಕ್ಕೆ 7 ಬೇಕು. ಈಗ ಪಶ್ಚಿಮದ ಬುಂಡೆಸ್‌ಬಾನ್ 1977ರ ಅಕ್ಟೋಬರ್‌ನಲ್ಲಿ ಬೆಂಕಿ ಆರಿಸಿದ ಕೊನೆಯ ಉಗಿ ಇಂಜಿನ್ 043 903ಕ್ಕೆ ಇದೇ ಲೆಕ್ಕ ಹಾಕಿ: 0, 8, 3, 9, 0, 6, ಒಟ್ಟು 26. ಅದರ ಫಲಕದ ಮೇಲಿರುವುದು 043 903-4.