ಗದ್ದೆ ಇದ್ದ ದಿಕ್ಕಿಗೆ ಕ್ಯಾಮೆರಾ

ಸೂಪರ್ 8 ಅನ್ನೋ ಪುಟ್ಟ ಸಿನಿಮಾ ಫಿಲ್ಮಿನ ಒಂದು ಕಾರ್ಟ್ರಿಜ್ ಅಂದ್ರೆ 50 ಅಡಿ. ಸೆಕೆಂಡಿಗೆ 18 ಫ್ರೇಮಿನಂತೆ ಓಡಿಸಿದರೆ 3 ನಿಮಿಷ 20 ಸೆಕೆಂಡಿಗೆ ಮುಗಿಯಿತು. ಲಿಂಗನಮಕ್ಕಿ ಹಿನ್ನೀರು ಈ ಸಲ ಚೆನ್ನಾಗಿ ಇಳಿದಿದೆ ಅಂತ ಮೇ ತಿಂಗಳಲ್ಲಿ ಗೊತ್ತಾದ ಕೂಡಲೇ, ಅಂಥದ್ದೊಂದು ಕಪ್ಪುಬಿಳುಪು ಕಾರ್ಟ್ರಿಜ್ ಹಾಕಿಕೊಂಡು ದೊಡ್ಡಪ್ಪನ ಜೊತೆ ಹೊರಟೆ.

1964ರಲ್ಲಿ ಅಣೆಕಟ್ಟು ಮುಗಿದು ಶರಾವತಿ ನೀರು ನಿಂತಾಗ ಮುಳುಗಿದ ಊರುಗಳಲ್ಲಿ ದೊಡ್ಡಪ್ಪನದೂ ಒಂದು. ಆಗ ಅವರಿನ್ನೂ ಶಾಲೆಗೆ ಹೋಗುವ ಹುಡುಗ. ಊರುಗಳಷ್ಟೇ ಅಲ್ಲ, ಜೋಗದ ವಿದ್ಯುತ್ತಿಗೆ ಅಂತ ಮೊದಲು ಕಟ್ಟಿದ್ದ ಹಿರೇಭಾಸ್ಕರ ಅಣೆಕಟ್ಟೂ ಇದೇ ನೀರಲ್ಲಿ ಮುಳುಗಿತು. ನೀರು ತೀರಾ ಇಳಿದ ವರ್ಷ ಅದೂ ಮೇಲೆ ಕಾಣುತ್ತದೆ.

ಬಿರುಕು ಬಿಟ್ಟ ಕೆಸರು, ಕಣ್ಣು ಹಾಯಿಸಿದಷ್ಟು ದೂರವೂ ಮರದ ಕಪ್ಪು ಬೊಡ್ಡೆಗಳು. ದೊಡ್ಡಪ್ಪ ಯಾರನ್ನೂ ಕೇಳದೆ ನಡೆದು ಜಂಬಿಟ್ಟಿಗೆ ಕಲ್ಲಿನ ಒಂದು ಪಂಚಾಂಗದ ಮೇಲೆ ಹತ್ತಿ ನಿಂತರು. ಅವರ ಮನೆ. ನಾನು ಕ್ಯಾಮೆರಾ ಅವರ ಕೈಗೇ ಕೊಟ್ಟೆ, ಯಾಕಂದ್ರೆ ಆ ಜಾಗದಲ್ಲಿ ಏನು ನೋಡಬೇಕು ಅನ್ನೋದು ಗೊತ್ತಿದ್ದದ್ದು ಅವರಿಗೆ. ಅವರು ಆ ಕಲ್ಲುಗಳ ಚಿತ್ರ ತೆಗೆಯಲೇ ಇಲ್ಲ. ಅವಕ್ಕೆ ಬೆನ್ನು ಹಾಕಿ, ಏನೂ ಇಲ್ಲದ ಕೆಸರಿನ ಬಯಲಿಗೆ ಲೆನ್ಸ್ ತಿರುಗಿಸಿ ಬಟನ್ ಒತ್ತಿದರು. ಮೋಟಾರು ಕಿರ್ರ್ ಅಂತ ಓಡುತ್ತಲೇ ಇತ್ತು.

"ಅಲ್ಲೇನಿದೆ ದೊಡ್ಡಪ್ಪಾ?"

"ಗದ್ದೆ. ಜಗಲಿ ಮೇಲೆ ಕೂತ್ರೆ ಕಾಣ್ತಿತ್ತಲ್ಲ ತಮ್ಮಾ, ಅದು."

ಅವರು ನಿಂತಿದ್ದದ್ದು ಜಗಲಿ ಇದ್ದ ಕಡೆ! ಫೋನಿನಲ್ಲಾಗಿದ್ದರೆ ನಾವಿಬ್ಬರೂ ಸುತ್ತಲೂ ಇದ್ದದ್ದನ್ನೆಲ್ಲ ಬಾಚಿಕೊಳ್ಳುತ್ತಿದ್ದೆವು. ಮೂರು ನಿಮಿಷ ಮಾತ್ರ ಕೈಲಿದ್ದಾಗ ಮನುಷ್ಯ ತನಗೆ ನಿಜವಾಗಿ ಬೇಕಾದದ್ದರ ಕಡೆಗೇ ತಿರುಗುತ್ತಾನೆ. ನಾನು ಇನ್ನೂ ಫಿಲ್ಮನ್ನೇ ಹಿಡಿದುಕೊಂಡಿರೋದು ಇದಕ್ಕೇ.

ಬರುವಾಗ ಕ್ಯಾನಿನಲ್ಲಿ ಹಿನ್ನೀರು ತುಂಬಿಕೊಂಡು ಬಂದೆ. ಇನ್‌ಸ್ಟಂಟ್ ಕಾಫಿಪುಡಿ, ವಾಷಿಂಗ್ ಸೋಡಾ, ವಿಟಮಿನ್ ಸಿ ಪುಡಿ ಸೇರಿಸಿದರೆ ಕಪ್ಪುಬಿಳುಪು ಫಿಲ್ಮಿನಲ್ಲಿ ಚಿತ್ರ ಮೂಡಿಸೋ ಒಳ್ಳೇ ಡೆವಲಪರ್ ಆಗುತ್ತದೆ, ಆಮೇಲೆ ಮೂಡಿದ ಚಿತ್ರ ಅಳಿಯದಂತೆ ನಿಲ್ಲಿಸೋಕೆ ಹೈಪೋ. ಎಲ್ಲವನ್ನೂ ಆ ನೀರಲ್ಲೇ ಕಲಸಿದೆ, ಸೋಸಲಿಲ್ಲ. ಊರನ್ನು ಮುಳುಗಿಸಿದ ನೀರಿನ ಗುರುತು ಫಿಲ್ಮಿನ ಮೇಲೂ ಬೀಳಲಿ ಅಂತ. ಬಿತ್ತು. ಸಣ್ಣ ಸಣ್ಣ ಚುಕ್ಕೆ, ಅಲ್ಲಲ್ಲಿ ಗೀರು. ನೆಗೆಟಿವ್ ಆದ್ದರಿಂದ ಆಕಾಶ ಕಪ್ಪು, ಕರಿ ಬೊಡ್ಡೆಗಳೆಲ್ಲ ಬೆಳ್ಳಗೆ.

ಅದನ್ನು ಹಾಗೇ ಪ್ರೊಜೆಕ್ಟರಿಗೆ ಹಾಕಿ ಗೋಡೆ ಮೇಲೆ ಬಿಟ್ಟಾಗ ದೊಡ್ಡಪ್ಪ ಮುಂದಕ್ಕೆ ಬಗ್ಗಿ ನೋಡಿದರು. "ಇನ್ನೂ ಸ್ವಲ್ಪ ಬಲಕ್ಕೆ ತಿರುಗಿಸ್ಬೇಕಿತ್ತು ನಾನು. ಶಾಲೆಗೆ ಹೋಗೋ ದಾರಿ ಆ ಕಡೆ" ಅಂದರು.

ಹೊಸ ಕಾರ್ಟ್ರಿಜ್ ತರಿಸಿ ಫ್ರಿಜ್ಜಿನಲ್ಲಿ ಇಟ್ಟಿದ್ದೇನೆ. ಮುಂದಿನ ಬೇಸಿಗೆಗೂ ನೀರು ಅಷ್ಟು ಇಳಿಯಬೇಕು, ಇಲ್ಲದಿದ್ದರೆ ಆ ಕಡೆ ಕಾಲಿಡೋಕೂ ಆಗಲ್ಲ.