ಪಂಕ್ ಡ್ರಮ್ಮರ್‌ಗೆ ಸೆಟ್‌ನಲ್ಲಿ ಕೈಕೊಡುವುದು ಎಲ್ಲಿ

ಪಂಕ್ ಬ್ಯಾಂಡ್‌ನ ಡ್ರಮ್ಮರ್ ತೆರೆಗೆ ಬರುವುದು ಹೊಸತಲ್ಲ. ಫ್ರೆಡ್ ಆರ್ಮಿಸನ್ 1988ರಿಂದ 1996ರವರೆಗೆ ಶಿಕಾಗೋದ ಪಂಕ್ ಬ್ಯಾಂಡ್ ಟ್ರೆಂಚ್‌ಮೌತ್‌ನಲ್ಲಿ ಡ್ರಮ್ಸ್ ಬಾರಿಸಿದರು. ಹೆಚ್ಚಿನವರು ಬಲ್ಲದ್ದು 2002ರಲ್ಲಿ ಅಮೆರಿಕದ ಟಿವಿ ಹಾಸ್ಯ ಕಾರ್ಯಕ್ರಮ ಸ್ಯಾಟರ್ಡೇ ನೈಟ್ ಲೈವ್ ಸೇರಿದ ನಟನನ್ನು. ಆದರೆ ವೇದಿಕೆಯಲ್ಲಿ ಪಳಗಿದ ಕೈ ಕ್ಯಾಮೆರಾ ಮುಂದೆ ತಕರಾರು ಮಾಡುತ್ತದೆ. ಅಲ್ಲಿ ಬೇಕಾದದ್ದು ಬಿರುಸಲ್ಲ, ಹತ್ತು ಟೇಕ್‌ನಲ್ಲೂ ಅದೇ ಏಟು.

ಸೆಟ್‌ನಲ್ಲಿ ಮೊದಲೇ ರೆಕಾರ್ಡ್ ಆದ ಹಾಡು ಓಡುತ್ತಿರುತ್ತದೆ, ಕೈ ಅದಕ್ಕೆ ಹೊಂದಬೇಕು. ಲೆಕ್ಕ ನೋಡಿ. ವೇಗ 180 ಬಿಪಿಎಂ (ನಿಮಿಷಕ್ಕೆ 180 ಬೀಟ್), ಬಲಗೈ ಹೈ-ಹ್ಯಾಟ್ (ಒಂದರ ಮೇಲೊಂದಿರುವ ಜೋಡಿ ಸಿಂಬಲ್ ತಟ್ಟೆ) ಮೇಲೆ ಬೀಟಿಗೆ ಎರಡು ಏಟು: ಸೆಕೆಂಡಿಗೆ 6. ಕ್ಯಾಮೆರಾ ಸೆಕೆಂಡಿಗೆ 24 ಫ್ರೇಮ್ ಹಿಡಿದರೆ ನಾಲ್ಕು ಫ್ರೇಮಿಗೊಂದು ಏಟು. ಎರಡೇ ಫ್ರೇಮ್ ಜಾರಿದರೂ ಸದ್ದು ಕೇಳುವಾಗ ಕೋಲು ಮೇಲಿರುತ್ತದೆ. ಹಾಗಾಗಿ ನೆನಪಿನಿಂದ ಬಾರಿಸಬೇಡಿ. ಕ್ಲಿಕ್ (ತಾಳ ಹಿಡಿಯುವ ಟಿಕ್ ಸದ್ದು) ಇಲ್ಲದೆ ರೆಕಾರ್ಡ್ ಆದ ಹಾಡಿನ ವೇಗ ಅಲ್ಲಲ್ಲಿ ಏರಿಳಿದಿರುತ್ತದೆ, ಎಡಿಟ್‌ಗೆ ಹೋಗುವ ಅದೇ ಫೈಲ್ ಕೇಳಿಸಿಕೊಂಡೇ ಅಭ್ಯಾಸ ಮಾಡಿ.

ಸ್ಲೋ ಮೋಷನ್ ಶಾಟ್ ಇನ್ನೂ ಕಷ್ಟ. 48 ಫ್ರೇಮ್‌ನಲ್ಲಿ ತೆಗೆದದ್ದು ತೆರೆಯಲ್ಲಿ ಅರ್ಧ ವೇಗಕ್ಕೆ ಇಳಿಯುತ್ತದೆ, ಅದಕ್ಕೇ ತೆಗೆಯುವಾಗ ಹಾಡನ್ನು ಎರಡರಷ್ಟು ವೇಗದಲ್ಲಿ ಓಡಿಸುತ್ತಾರೆ. ಒಂದು ಕೈಯಲ್ಲಿ ಸೆಕೆಂಡಿಗೆ 12 ಏಟು ನಡೆಯದ ಮಾತು. ಬಲಗೈಯನ್ನು ಫ್ರೇಮಿನಿಂದ ಹೊರಗಿಡಿ, ಇಲ್ಲವೇ ಕ್ರ್ಯಾಶ್ (ಆಗೊಮ್ಮೆ ಈಗೊಮ್ಮೆ ಜೋರಾಗಿ ಹೊಡೆಯುವ ಸಿಂಬಲ್) ಏಟುಗಳನ್ನಷ್ಟೇ ತೆಗೆಯಿರಿ ಅಂತ ನಿರ್ದೇಶಕರಿಗೆ ಮೊದಲೇ ಹೇಳಿ.

ಡೈಲಾಗ್ ಇರುವ ಶಾಟ್‌ನಲ್ಲಿ ಡ್ರಮ್ಸ್ ಸದ್ದು ಮಾಡಕೂಡದು. ಬಾಸ್ ಡ್ರಮ್ ತುಂಬ ಟವೆಲ್, ಹೈ-ಹ್ಯಾಟ್‌ನ ಎರಡು ತಟ್ಟೆಗಳ ನಡುವೆ ಬಟ್ಟೆ, ಸ್ನೇರ್ ಡ್ರಮ್ ಮೇಲೆ ಸದ್ದು ತಗ್ಗಿಸುವ ಪಾರದರ್ಶಕ ಜೆಲ್ ತುಂಡು. ಸಿಂಬಲ್‌ಗೆ ಮಾತ್ರ ಪೂರ್ತಿ ರಬ್ಬರ್ ಹೊದಿಸಬೇಡಿ: ಕ್ಲೋಸಪ್‌ನಲ್ಲಿ ಕಾಣುತ್ತದೆ, ಹೊಡೆದರೂ ಸರಿಯಾಗಿ ತೂಗುವುದಿಲ್ಲ. ತಳಭಾಗಕ್ಕೆ ಫೋಮ್ ಅಂಟಿಸಿ, ಮೇಲಿನ ನಟ್ ಸಡಿಲ ಬಿಡಿ. ತಾಳಕ್ಕೆ ಕ್ಯಾಮೆರಾ ಕಾಣದ ಕಿವಿಯಲ್ಲಿ ಪುಟ್ಟ ಇಯರ್‌ಪೀಸ್ ಸಾಕು. ಅದಿಲ್ಲದಿದ್ದರೆ 30–40 ಹರ್ಟ್ಜ್‌ನ ಗುಮ್ಮೆನ್ನುವ ತಾಳದ ಸದ್ದು (ಥಂಪರ್), ಆಮೇಲೆ ಫಿಲ್ಟರ್ ಮಾಡಿ ತೆಗೆಯಬಹುದು.

ಹಾಡಿನ ಯಾವ ಬಾರ್‌ನಲ್ಲಿ (ತಾಳದ ಒಂದು ಸುತ್ತು) ಯಾವ ಕೈ, ಎಡದ ಕ್ರ್ಯಾಶೋ ಬಲದ್ದೋ, ನೀವೇ ಬರೆದಿಡಿ. ಕಂಟಿನ್ಯುಯಿಟಿ (ಶಾಟ್‌ನಿಂದ ಶಾಟ್‌ಗೆ ಹೊಂದಿಕೆ) ನೋಡುವವರು ಬೆವರು, ಅಂಗಿ ಹಿಡಿಯುತ್ತಾರೆ, ಇದನ್ನಲ್ಲ. ಕೋಲುಗಳದ್ದೂ ಅದೇ ಕತೆ. ರಿಮ್‌ಗೆ ಬಡಿದು ಸಿಬಿರೆದ್ದ ಕೋಲು ಮುಂದಿನ ಕಟ್‌ನಲ್ಲಿ ನುಣ್ಣಗಾದರೆ ಡ್ರಮ್ಮರ್‌ಗಳೆಲ್ಲ ನಗುತ್ತಾರೆ! ಹೊಸತು, ಅರೆ ಸವೆದದ್ದು, ಪೂರ್ತಿ ಕಚ್ಚಿಹೋದದ್ದು, ಮೂರೂ ಜೊತೆ ಇಟ್ಟುಕೊಳ್ಳಿ.

ಒಪ್ಪಂದಕ್ಕೆ ಸಹಿ ಹಾಕುವ ಮೊದಲು ಬ್ಯಾಂಡ್ ಪ್ರವಾಸದ ತಾರೀಖುಗಳನ್ನು ಅದರಲ್ಲೇ ಬರೆಸಿ. ಪ್ಯಾಚ್‌ವರ್ಕ್ (ಉಳಿದ ಶಾಟ್‌ಗಳ ಚಿತ್ರೀಕರಣ) ಮುಗಿಯುವವರೆಗೆ ಕೂದಲಿಗೆ ಕತ್ತರಿ, ಬಣ್ಣ ಎರಡೂ ಇಲ್ಲ ಅನ್ನುವ ಷರತ್ತು ಇದೆಯೇ ಎಂದೂ ನೋಡಿಕೊಳ್ಳಿ. ಮೊಹಾಕ್ (ಬದಿ ಬೋಳಿಸಿ ನಡುವೆ ನಿಲ್ಲಿಸಿದ ಕೂದಲು) ಇದ್ದವರಂತೂ ಎರಡು ಸಲ ನೋಡಿ.